ಫ್ರಾಕಿನ ಎರಡನೇ ತೋಳು

ಮಾರ್ಚ್ 3, ಸಂಜೆ

ಮಧ್ಯಾಹ್ನದ ಔಷಧಿ, ಮಧ್ಯಾಹ್ನದ ನಿದ್ದೆ, ಎರಡೂ ಆಯಿತು. ತಂಗಿಯ ಮಗುವಿಗೆ ಫ್ರಾಕು ಹೊಲಿಯುತ್ತಿದ್ದೇನೆ. ಒಂದು ತೋಳು ಕೂಡಿಸಿದೆ. ಅವಳಿಗಿನ್ನೂ ಐದೇ ತಿಂಗಳು, ಅವಸರವಿಲ್ಲ. ಅವಸರ ಇರುವುದು ನನಗೆ. ಡಾಕ್ಟರು ಹೇಳಿದ್ದು ಎರಡು ತಿಂಗಳು. ಮೂರು ದಿನ ಆಗಲೇ ಹೋಯಿತು.

ಎದ್ದು ಕೂತಾಗ ಇವರ ಅಂಗಿಯ ಗುಂಡಿ ಕಣ್ಣಿಗೆ ಬಿತ್ತು. ನಾನು ಹಾಕಿದ್ದಲ್ಲ! ನಾಲ್ಕು ತೂತಿನ ಗುಂಡಿಗೆ ನಾನು ದಾರ ಅಡ್ಡಡ್ಡ ದಾಟಿಸುತ್ತೇನೆ. ಇದು ನೆಟ್ಟನೆ ಎರಡು ಗೆರೆ. ಇಪ್ಪತ್ತು ವರ್ಷ ಟೈಲರಿಂಗ್ ಮಾಡಿದವಳ ಕಣ್ಣು ಇದು.

“ಗುಂಡಿ ಯಾರು ಹಾಕಿದ್ರು?”

“ಗೋದಾಮಿನಲ್ಲಿ... ಯಾರೋ.”

ಯಾರೋ ಅಂತೆ.

ಮಾರ್ಚ್ 4

ಇವರ ಕಿವಿಯ ಹತ್ತಿರ ಬಿಳಿ ಕೂದಲು. ಬೆಳಿಗ್ಗೆ ಇರಲಿಲ್ಲ, ನಾನು ನಿದ್ದೆಯಿಂದ ಏಳುವಷ್ಟರಲ್ಲಿ ಇತ್ತು. ಹಾಗಾದರೆ ಇಷ್ಟು ದಿನ ಡೈ ಹಚ್ಚುತ್ತಿದ್ದರೇ? ಯಾರಿಗೋಸ್ಕರ? ಚಪ್ಪಲಿಯೂ ಬೇರೆ. ಸೋಪಿನ ವಾಸನೆಯೂ ಬೇರೆ. ಗೋಡೆಯ ಕ್ಯಾಲೆಂಡರ್ ಮಾಯ — ಮೊಳೆ ಕಿತ್ತು ಬಿತ್ತಂತೆ.

ಇವರು ಹಣ್ಣಿನ ಗೋದಾಮಿನ ತಾಳಗಾರ. ತಾಳದ ಪೆಟ್ಟಿಗೆಗೆ ಕೀಲಿ ಕೊಟ್ಟರೆ ಸಾಕು, ಅದರ ಟಕ್-ಟಕಟಕ್ ಕೇಳುವಷ್ಟು ದೂರ ಕಾಲ ನಿಂತುಬಿಡುತ್ತದೆ. ವರ್ಷ ಕಳೆದರೂ ಹಣ್ಣು ಇವತ್ತು ಕಿತ್ತ ಹಾಗೇ ಇರುತ್ತದೆ. ಹಮಾಲರು ಕಿವಿಗೆ ಹತ್ತಿ ತುರುಕಿಕೊಂಡು ಒಳಗೆ ಹೋಗುತ್ತಾರೆ, ಇಲ್ಲದಿದ್ದರೆ ಹಣ್ಣಿನ ಜೊತೆ ಅವರೂ ಅಲ್ಲೇ. ತಾಳಗಾರರಿಗೆ ಮಾತ್ರ ಏನೂ ಆಗುವುದಿಲ್ಲ, ಪಳಗಿದ ಕಿವಿ. ಪೆಟ್ಟಿಗೆ ಬರುವ ಮೊದಲು ಬೆರಳಲ್ಲೇ ಬಾರಿಸಿ ಕಾಲ ನಿಲ್ಲಿಸುತ್ತಿದ್ದರು. ಆ ಬೆರಳಿಗೇ ಮರುಳಾಗಿ ಇವರನ್ನು ಕಟ್ಟಿಕೊಂಡೆ.

ಮಾರ್ಚ್ 5

ನೀರು ಕಾಯಿಸಲೂ ಬಾರದವರು ಇವತ್ತು ಅಡುಗೆ ಮಾಡಿದರು. ಉಪ್ಪು, ಖಾರ ಎಲ್ಲ ಹದವಾಗಿ! ಕಲಿಸಿದವಳು ಯಾರೋ.

ತಂಗಿ ಈ ಕಡೆ ತಲೆ ಹಾಕಿಲ್ಲ. ಕಿಟಕಿಯ ಪರದೆಗೆ ಮೊಳೆ ಹೊಡೆದಿದ್ದಾರೆ. ಮಂಚದ ಕೆಳಗೆ ಬೀಗ ಹಾಕಿದ ಟ್ರಂಕು.

“ಗೋದಾಮಿನ ಸಾಮಾನು ಕಣೇ, ಮುಟ್ಟಬೇಡ.”

ದಿನಾ ಔಷಧಿ ಕುಡಿಸಿ, ಮಂಚದ ಪಟ್ಟಿಯ ಮೇಲೆ ಬೆರಳಲ್ಲಿ ತಟ್ಟಿ ಮಲಗಿಸುತ್ತಾರೆ. ಅದು ಕಿವಿಗೆ ಬಿದ್ದರೆ ಎದ್ದಿರಲು ನನ್ನ ಕೈಲಾಗದು. ಮಲಗಿದ ಮೇಲೆ ಅವಳ ಹತ್ತಿರ ಓಟ, ಮತ್ತೇನು. ನಾಳೆ ನಾನೂ ಕಿವಿಗೆ ಹತ್ತಿ ಇಟ್ಟುಕೊಂಡು ನಿದ್ದೆಯ ನಾಟಕ ಆಡುತ್ತೇನೆ.

ಮಾರ್ಚ್ 6

ಎಲ್ಲಿಗೂ ಹೋಗಲಿಲ್ಲ.

ಟ್ರಂಕಿನಿಂದ ತಾಳದ ಪೆಟ್ಟಿಗೆ ತೆಗೆದರು. ಕೀಲಿ ಕೊಟ್ಟು ನನ್ನ ದಿಂಬಿನ ಪಕ್ಕ ಇಟ್ಟರು. ಹೊದಿಕೆ ಸರಿಮಾಡಿದರು. ಆಮೇಲೆ ಕುರ್ಚಿಯಲ್ಲಿ ಕೂತು, ಕನ್ನಡಕ ಹಾಕಿಕೊಂಡು — ಕನ್ನಡಕ ಯಾವಾಗ ಬಂತು? — ತಮ್ಮ ಅಂಗಿಗೆ ತಾವೇ ಗುಂಡಿ ಹಾಕತೊಡಗಿದರು. ನೆಟ್ಟನೆ ಎರಡು ಗೆರೆ.

ಅಷ್ಟರಲ್ಲಿ ಬಾಗಿಲು ತಳ್ಳಿಕೊಂಡು ಒಂದು ಹುಡುಗಿ ಬಂದಳು. ಐದಾರು ವರ್ಷ ಇರಬಹುದು. ಕಿವಿಯಲ್ಲಿ ಹತ್ತಿ. ನನ್ನ ತಂಗಿಯದೇ ಮೂಗು.

ತಟಕ್ಕನೆ ಎದ್ದು ಕೂತೆ. ಇವರು ಗಾಬರಿಯಾಗಿ ಪೆಟ್ಟಿಗೆ ನಿಲ್ಲಿಸಿದರು. ನಾನೂ ಹುಡುಗಿಯೂ ಹತ್ತಿ ಕಿತ್ತೆವು.

“ದೊಡ್ಡಪ್ಪಾ, ಇವತ್ತು ದೊಡ್ಡಮ್ಮನ್ನ ಎಬ್ಬಿಸೋ ದಿನಾನಾ?” ಎಂದಳು. ಮಂಚದ ಮೇಲಿದ್ದ ಫ್ರಾಕನ್ನು ಎದೆಗೆ ಹಿಡಿದು ನೋಡಿದಳು. “ಇದು ನಂದಂತೆ, ಅಮ್ಮ ಹೇಳಿದ್ಲು. ಈಗ ಚಿಕ್ಕದಾಯ್ತು.”

ಎರಡನೇ ತೋಳು ಇನ್ನೂ ಕೂಡಿಸಿಯೇ ಇಲ್ಲ.

ಅದೇ ದಿನ. ಅಲ್ಲ — ಅಕ್ಟೋಬರ್ 19. ಐದು ವರ್ಷ ಆದ ಮೇಲಿನ ಅಕ್ಟೋಬರ್.

“ಹೊಸ ಔಷಧಿ ಬರುತ್ತಂತೆ, ಇನ್ನೆರಡು ವರ್ಷದಲ್ಲಿ. ಅಲ್ಲೀತನಕ ನಿನ್ನ ದಿನಗಳನ್ನ ಉಳಿಸಿಟ್ಟೆ ಕಣೇ.”

“ನಾನೇನು ಗೋದಾಮಿನ ಹಣ್ಣೇನ್ರೀ? ಮತ್ತೆ ಮಧ್ಯೆ ಮಧ್ಯೆ ಎಬ್ಬಿಸಿದ್ಯಾಕೆ?”

ತಲೆ ತಗ್ಗಿಸಿದರು. “ತಡೆಯೋಕಾಗ್ಲಿಲ್ಲ. ವರ್ಷಕ್ಕೊಂದು ದಿನ.”

ಸಿಟ್ಟು ಬಂತು. ಇಲ್ಲದ ಹೆಂಗಸಿನ ಮೇಲೆ ಹೊಟ್ಟೆಕಿಚ್ಚುಪಟ್ಟೆನಲ್ಲ ಎಂದು ನಾಚಿಕೆಯೂ ಆಯಿತು. ಆ ಬಿಳಿ ಕೂದಲು ಮುಟ್ಟಿ ಅತ್ತುಬಿಟ್ಟೆ.

“ನೀವು ಮುದುಕರಾಗಿ ಹೋದ್ಮೇಲೆ ನಾನೊಬ್ಳು ವಾಸಿಯಾಗಿ ಏನ್ ಮಾಡ್ಲಿ? ಇರೋ ದಿನ ಎದ್ದೇ ಇರ್ತೀನಿ, ನಿಮ್ಮ ಜೊತೆ. ಆಣೆ ಮಾಡಿ.”

ಮಾಡಿದರು.

ಅಕ್ಟೋಬರ್ 20, ಮಧ್ಯಾಹ್ನ

ಪರದೆ ಕಿತ್ತಿದ್ದೇನೆ. ಎದುರು ಮನೆಗೆ ಇನ್ನೊಂದು ಮಹಡಿ ಎದ್ದಿದೆ. ಬೆಳಿಗ್ಗೆ ತಂಗಿ ಬಂದು ಅತ್ತು, ಬೈದು, ಊಟ ಮಾಡಿ ಹೋದಳು. ಪೆಟ್ಟಿಗೆಯ ಕೀಲಿ ನನ್ನ ವಶ — ಫ್ರಾಕಿನ ಅಂಚಿನೊಳಗಿಟ್ಟು ಹೊಲಿದಿದ್ದೇನೆ. ಅದೇನು ಬಿಚ್ಚುತ್ತಾರೋ ನೋಡೋಣ.

ಒಂದೇ ಅನುಮಾನ. ನಿನ್ನೆ ತುಂಬಾ ಬೇಗ ಒಪ್ಪಿಕೊಂಡರು.

ಈಗ ಪಕ್ಕದಲ್ಲೇ ಕೂತಿದ್ದಾರೆ. ಬರೆಯುವುದನ್ನು ನೋಡುತ್ತಾ, ನಗುತ್ತಾ. ಬೆರಳು ಮಂಚದ ಪಟ್ಟಿಯ ಮೇಲೆ... “ಸುಮ್ನೆ ಕಣೇ, ಅಭ್ಯಾಸ.”

ಹತ್ತಿ ಇಲ್ಲೇ ಇಟ್ಟಿದ್ದೆ. ಮೇಜಿನ ಮೇಲೆ. ಇಲ್ಲ —

ಕೀಲಿ ಬೇಕಿಲ್ಲ ಇವರಿಗೆ. ಬೆರಳು ಸಾಕು. ಮರೆತೇಬಿಟ್ಟೆ. ರೀ, ಬೇಡ, ನಿಲ್ಸಿ, ನಾನಿನ್ನೂ ನಿಮ್