ಹದಿನಾಲ್ಕನೇ ಹಾಳೆಯ ಒರತೆ

ಮರಳು ಶಕೆ ೨೩೧, ಗಾಳಿ ತಿಂಗಳ ನಲವತ್ತಾರನೆಯ ದಿನ
ಹಗರಿ ಮರುಭೂಮಿ, ಎಕ್ಕದದಿನ್ನಿ ಬಿಡಾರ

ಸುಂಕಮ್ಮ ಟೀಚರ್ ಅವರಿಗೆ ಹುಲಿಗೆಮ್ಮ ಮಾಡುವ ನಮಸ್ಕಾರ.

ಮೇಲಿನ ತಾರೀಕು ನೋಡಿ ಯಾರೋ ತಲೆಕೆಟ್ಟವರ ಕಾಗದವೆಂದು ಹರಿದು ಹಾಕಬೇಡಿ. ನಮ್ಮಲ್ಲಿ ಗಾಳಿ ನಿಲ್ಲುವ ತನಕ ತಿಂಗಳು ಮುಗಿಯುವುದಿಲ್ಲ, ನಲವತ್ತಾರಲ್ಲ, ಅರವತ್ತು ದಿನದ ತಿಂಗಳನ್ನೂ ಕಂಡಿದ್ದೇನೆ. ನಿಮ್ಮ ಕಾಲದ ಕನ್ನಡವನ್ನು ನಾನು ಕಲಿತದ್ದು ನಿಮ್ಮ ಒಂದೇ ಪುಸ್ತಕದಿಂದ, ಅದೂ ಗಂಡ ಓದುವುದನ್ನು ಕೇಳಿ ಕೇಳಿ. ಮಾತು ಅಲ್ಲಲ್ಲಿ ಸೊಟ್ಟಗಾದರೆ ಹೊಟ್ಟೆಗೆ ಹಾಕಿಕೊಳ್ಳಿ. ಮುಂದೆ ಬರುವ ಮಾತು ಸೊಟ್ಟಕ್ಕಿಂತ ಕಹಿ, ಅದಕ್ಕೂ ಈಗಲೇ ಕ್ಷಮೆ ಕೇಳಿಬಿಡುತ್ತೇನೆ.

ಈ ಪತ್ರ ಹಿಂದಂಚೆಯಲ್ಲಿ ಬರುತ್ತಿದೆ. ಹಿಂದಂಚೆ ಎಂದರೆ ಕಳೆದುಹೋದ ಕಾಲಕ್ಕೆ ಹೋಗುವ ಅಂಚೆ. ಒಬ್ಬರಿಗೆ ಜನ್ಮಕ್ಕೆ ಒಂದೇ ಕಾಗದ, ಅದೂ ನಾವು ಹುಟ್ಟುವುದಕ್ಕೆ ಮುಂಚಿನವರಿಗೆ ಮಾತ್ರ. ನನ್ನನ್ನು ಹೆತ್ತು ಅಂದೇ ತೀರಿಕೊಂಡ ತಾಯಿಗೆ ಬರೆಯಬೇಕೆಂದು ನನ್ನ ಕಾಗದವನ್ನು ಮೂವತ್ತು ವರ್ಷ ಎತ್ತಿಟ್ಟಿದ್ದೆ. ಈಗ ನಿಮಗೆ ಬರೆಯುತ್ತಿದ್ದೇನೆ, ನೋಡಿ ನನ್ನ ಹಣೆಬರಹ! ನಿಮ್ಮ ಮುನ್ನುಡಿಯ ಕೆಳಗೆ ತಾರೀಕಿದೆ. ಅದಕ್ಕೆ ಒಂದು ವಾರ ಮುಂಚೆ, ಪುಸ್ತಕ ಅಚ್ಚಿಗೆ ಹೋಗುವ ಮೊದಲೇ, ಇದು ನಿಮ್ಮ ಕೈಸೇರಬೇಕು.

ನಿಮ್ಮ ಪುಸ್ತಕದ ಒಂದೇ ಪ್ರತಿ ಉಳಿದಿದೆ, ನಮ್ಮ ಮನೆಯಲ್ಲಿ. ರಟ್ಟು ಹೋಗಿ ಆಡಿನ ತೊಗಲಿನ ಹೊದಿಕೆ ಬಂದಿದೆ. ಇಪ್ಪತ್ತೆರಡು ನಕಾಶೆ, ಪಕ್ಕದಲ್ಲಿ ನಿಮ್ಮ ಬರವಣಿಗೆ: ನರಿಯ ಹೆಜ್ಜೆ ಹೇಗಿರುತ್ತದೆ, ಉಡ ಯಾವ ಹೊತ್ತಿಗೆ ಬಿಸಿಲಿಗೆ ಬರುತ್ತದೆ, ಎಲ್ಲಿ ಚಪ್ಪಲಿ ಬಿಟ್ಟು ನಡೆದರೆ ಹಿತ. ನಿಮ್ಮ ಕಾಲಕ್ಕೆ ಈ ಮರುಭೂಮಿ ಎಂದರೆ ಹಗರಿ ಹೊಳೆಯ ದಂಡೆಯ ಒಂದಿಷ್ಟು ಮರಳು ದಿಬ್ಬ, ಸುತ್ತ ಕುರುಚಲು, ಕಲ್ಲುಗುಡ್ಡ. ಬೆಳಿಗ್ಗೆ ಹೋದವರು ಮಧ್ಯಾಹ್ನಕ್ಕೆ ವಾಪಸ್. ಒಂಬತ್ತನೇ ಹಾಳೆಯಲ್ಲಿ ಬರೆದಿದ್ದೀರಿ, ಬಳ್ಳಾರಿ ಜಾಲಿಯ ಪೊದೆ ದಾಟಿದರೆ ರಸ್ತೆಯ ಬದಿಗೆ ಒಂದು ಅಂಗಡಿ, ಅಲ್ಲಿನ ಒಗ್ಗರಣೆ ಮಿರ್ಚಿ ಬಿಸಿಯಿರುವಾಗಲೇ ತಿನ್ನಿ ಎಂದು. ಅಯ್ಯೋ ತಾಯಿ, ಎರಡು ತಾಸು ಅಡ್ಡಾಡಿ ಬಂದು ಮಿರ್ಚಿ ತಿನ್ನುವವರಿಗೆ ಅಟ್ಲಾಸ್ ಯಾಕೆ ಬೇಕಿತ್ತು? ನಾವು ಈ ಮರಳಿನಲ್ಲಿ ಹುಟ್ಟಿ ಇಲ್ಲೇ ಸಾಯುವವರು. ಮೂಡಣದ ಬಿಡಾರಕ್ಕೆ ಇಲ್ಲಿಂದ ನಾಲ್ಕು ದಿನದ ಹಾದಿ, ನಡುವೆ ಒಂದು ತೊಟ್ಟು ನೀರಿಲ್ಲ. ಹೊತ್ತು ಮೂಡುವ ಮೊದಲು ನಡೆಯಬೇಕು, ಬಿಸಿಲೇರಿದ ಮೇಲೆ ಏನನ್ನಾದರೂ ಕಟ್ಟಿಕೊಂಡು ಅದರ ನೆರಳಿಗೆ ಬೀಳಬೇಕು. ಮಿರ್ಚಿ ಹೇಗಿರುತ್ತದೆಂದು ನಮ್ಮಲ್ಲಿ ಯಾರಿಗೂ ಗೊತ್ತಿಲ್ಲ. ಸುಖವಂತರು ನೀವು, ಮರುಭೂಮಿಯನ್ನು ನೋಡಲು ಹೋಗುತ್ತಿದ್ದಿರಿ.

ನನ್ನ ಕಸುಬೂ ನಕಾಶೆಯದೇ. ನಾವು ಅದನ್ನು ಹಾದಿಕೌದಿ ಎನ್ನುತ್ತೇವೆ. ಹಳೆಯ ಸೀರೆ ಮೂರು ಪದರ ಹಾಕಿ, ಮೇಲೆ ದಿಬ್ಬಗಳನ್ನು ಬಿಳಿ ದಾರದಲ್ಲಿ, ಬಂಡೆಗಳನ್ನು ಕೆಂಪು ದಾರದಲ್ಲಿ ಹೊಲಿಯುತ್ತೇವೆ. ಬಂಡೆ ಎಲ್ಲಿಗೂ ಹೋಗುವುದಿಲ್ಲ, ದಿಬ್ಬ ಹೋಗುತ್ತದೆ. ಆದ್ದರಿಂದ ಪ್ರತಿ ಗಾಳಿ ತಿಂಗಳು ಮುಗಿದ ಮೇಲೆ ನಾನೇ ನಡೆದು ನೋಡಿ ಬಂದು, ಬಿಳಿ ದಾರವನ್ನೆಲ್ಲ ಬಿಚ್ಚಿ ಮತ್ತೆ ಹೊಲಿಯಬೇಕು. ನೀರಿಗೆ ನೀಲಿ ದಾರ. ಜಾರುಮರಳಿಗೆ, ಅಂದರೆ ಕಾಲಿಟ್ಟರೆ ಆಳನ್ನೇ ನುಂಗುವ ಮರಳಿಗೆ, ಕಪ್ಪು ದಾರ. ಸುಳ್ಳು ಹೊಲಿಗೆ ಹಾಕಿದವಳ ಸೂಜಿಯನ್ನು ಬಿಡಾರದ ಹಿರಿಯಳು ಕಿತ್ತುಕೊಳ್ಳುತ್ತಾಳೆ, ಅವಳು ಮತ್ತೆ ಹೊಲಿಯುವಂತಿಲ್ಲ. ಹದಿನೆಂಟು ವರ್ಷದಲ್ಲಿ ನನ್ನ ಕೌದಿ ನಂಬಿ ಹೋದವರು ಒಬ್ಬರೂ ದಾರಿ ತಪ್ಪಿರಲಿಲ್ಲ.

ಆದರೆ ಹೊಗಳಿಕೆ ಯಾರಿಗೆ? ನಿಮಗೆ! ನನ್ನ ಗಂಡ ಈ ಬಿಡಾರದ ದಾರಿಕಾರರು, ಜನರನ್ನು ಮರಳು ದಾಟಿಸುವವರು. ಗಂಡನ ಹೆಸರನ್ನು ಬಾಯಲ್ಲಿ ಹೇಳಬಾರದು, ಬರೆಯಬಹುದು: ಎರ್ರಿಸ್ವಾಮಿ. ನಡು ಮಧ್ಯಾಹ್ನ ನನ್ನ ಕೌದಿಯನ್ನು ನಾಲ್ಕು ಕೋಲಿಗೆ ಕಟ್ಟಿ, ಅದರ ನೆರಳಲ್ಲಿ ಮಲಗಿ, ನಿಮ್ಮ ಪುಸ್ತಕ ಓದುತ್ತಾರೆ. "ಸುಂಕಮ್ಮ ಟೀಚರ್ ಹೆಂಗ ಬರದಾಳ ನೋಡಲೇ ಹುಲಿಗಿ! ಇಕಿ ಕಣ್ಣು ಏನ್ ಕಣ್ಣಬೇ!" ಎಂದು ದಿನಕ್ಕೆ ಹತ್ತು ಸಲ. ನಾನು ಬೆರಳಿಗೆ ಸೂಜಿ ಚುಚ್ಚಿಕೊಂಡು ಹೊಲಿದ ನೆರಳಿನಲ್ಲಿ ಮಲಗಿ ನಿಮ್ಮ ಕಣ್ಣಿನ ಹೊಗಳಿಕೆ. ಹಿಂಬದಿಯ ರಟ್ಟಿನಿಂದ ಕತ್ತರಿಸಿ ಇಟ್ಟುಕೊಂಡ ನಿಮ್ಮ ಫೋಟೊ ಬೇರೆ ಇದೆ. ತಲೆಗೆ ಟವಲ್, ಕೈಯಲ್ಲಿ ಕೋಲು, ಬಾಯಿ ತುಂಬ ನಗು. ನಿನ್ನ ಮುಂದಿನ ಹಲ್ಲು ಉಬ್ಬು, ಗೊತ್ತೇನು? ಅದನ್ನು ಇವರಿಗೆ ಎಷ್ಟು ಸಲ ತೋರಿಸಿದರೂ ಕಾಣುವುದಿಲ್ಲ. ಕ್ಷಮಿಸಿ ಟೀಚರೇ, ಸಿಟ್ಟಿಗೆ ಏಕವಚನ ಬಂತು. ಸತ್ತು ಮುನ್ನೂರು ವರ್ಷವಾದರೂ ಸವತಿ ಸವತಿಯೇ. ಬದುಕಿದ್ದವಳಾದರೆ ಜಗಳವಾಡಿ ಜುಟ್ಟು ಹಿಡಿಯಬಹುದಿತ್ತು. ನಿಮ್ಮನ್ನು ಏನು ಮಾಡಲಿ?

ಇನ್ನು ಹದಿನಾಲ್ಕನೇ ಹಾಳೆಯ ಮಾತು. ಅಲ್ಲಿ ಮೂಲೆಯಲ್ಲಿ ಬರೆದಿದ್ದೀರಿ: "ಈ ಹಾಳೆಯಲ್ಲಿ ಎಂದೂ ಬತ್ತದ ಒಂದು ಒರತೆ ಇದೆ. ಎಲ್ಲಿ ಎಂದು ಹೇಳುವುದಿಲ್ಲ. ಅದು ನನ್ನದು. ನಡೆದು ಹುಡುಕುವವರಿಗೆ ಸಿಗಲಿ." ಇಪ್ಪತ್ತೊಂದು ಹಾಳೆ ಕೈಹಿಡಿದು ನಡೆಸಿದವರು ಈ ಒಂದನ್ನು ಸೆರಗಿನಲ್ಲಿ ಗಂಟು ಹಾಕಿಕೊಂಡಿರಿ. ಆ ನೀರು ಸಿಕ್ಕರೆ ನಮ್ಮ ನಾಲ್ಕು ದಿನದ ಹಾದಿ ಎರಡೆರಡು ದಿನವಾಗುತ್ತದೆ, ಮಕ್ಕಳು ಮುದುಕರು ಕೂಡ ದಾಟಬಹುದು. ಇವರು ಅದನ್ನು ಹನ್ನೊಂದು ವರ್ಷ ಹುಡುಕಿದರು.

ನನಗೆ ಎರಡು ವರ್ಷದ ಹಿಂದೆಯೇ ಸಿಕ್ಕಿತು. ದಿಬ್ಬ ನೋಡಲು ಒಬ್ಬಳೇ ಹೋಗಿದ್ದೆ. ಬೆಳಗಿನ ಹೊತ್ತು ಗೌಜಲಕ್ಕಿಗಳು ಗುಂಪುಗುಂಪಾಗಿ, ನಿಮ್ಮ ಆ ಹಾಳೆಯಲ್ಲೂ ಇರುವ ಜೋಡುಬಂಡೆಯ ಹಿಂದಕ್ಕೆ ಇಳಿಯುತ್ತಿದ್ದವು. ಹೋಗಿ ತೋಡಿದೆ, ತಣ್ಣಗಿನ ಸಿಹಿನೀರು. ಕುಡಿದು, ಮುಖ ತೊಳೆದು, ಅಳುವಷ್ಟು ಸಂತೋಷದಲ್ಲಿ ಬಂಡೆಗೆ ಒರಗಲು ಬಂದರೆ ಅದರ ಮೇಲೆ ಮೊಳೆಯಲ್ಲಿ ಕೊರೆದ ನಿಮ್ಮ ಹೆಸರು. ಸುಂಕಮ್ಮ! ಅಲ್ಲಿಗೂ ನನಗಿಂತ ಮೊದಲು ನೀವೇ. ಮೈ ಉರಿದುಹೋಯಿತು. ಇದನ್ನು ಹೇಳಿದರೆ ಹುಡುಕಿದವಳು ನಾನಾದರೂ ಹೆಸರು ನಿಮ್ಮದೇ, ಇವರು ಆ ಬಂಡೆಗೆ ಕುಂಕುಮ ಹಚ್ಚಿ ಕಾಯಿ ಒಡೆಯುತ್ತಾರೆ, ನಾನು ಪಕ್ಕದಲ್ಲಿ ತಂಬಿಗೆ ಹಿಡಿದು ನಿಲ್ಲಬೇಕು ಎಂದುಕೊಂಡೆ. ಒರತೆಯನ್ನು ಮರಳಿನಿಂದ ಮುಚ್ಚಿದೆ. ಮನೆಗೆ ಬಂದು ಜೋಡುಬಂಡೆಯ ಸುತ್ತ ಕಪ್ಪು ದಾರ ಹೊಲಿದೆ. ಜಾರುಮರಳು, ಯಾರೂ ಹೋಗಬೇಡಿ.

ಇವರು ಈ ವರ್ಷ ಜೋಡುಬಂಡೆಯ ಸುತ್ತ ಹುಡುಕಬೇಕೆಂದಿದ್ದರು. ಕೌದಿಯನ್ನು ನೆಲಕ್ಕೆ ಹಾಸಿ ಬಹಳ ಹೊತ್ತು ನೋಡಿದರು. ಆಮೇಲೆ ಎದ್ದು ಹೇಳಿದರು: "ಟೀಚರ್ ಬರದು ಮುನ್ನೂರು ವರ್ಷ ಆತು, ನೀ ಹೋದ ವರ್ಷ ನೋಡಿ ಬಂದೀದಿ. ನೀ ಕರೀದಾರ ಹಾಕೀದಿ ಅಂದಮ್ಯಾಲ ಅಲ್ಲಿ ನೀರು ಹೆಂಗ ಇರ್ತತಿ? ಪಡುವಲಕ್ಕ ಹೋಗಿ ಹುಡುಕ್ತೀನಿ." ಪಡುವಲದಲ್ಲಿ ನೀರಿಲ್ಲ, ನನಗೆ ಗೊತ್ತಿತ್ತು. ಐದು ದಿನದ ನೀರಿದೆ, ಸುಮ್ಮನೆ ಸುತ್ತಿ ಬೇಸತ್ತು ಬರುತ್ತಾರೆ, ಇನ್ನು ಈ ಹುಚ್ಚು ಬಿಡುತ್ತದೆ ಎಂದು ಬಾಯಿ ಮುಚ್ಚಿಕೊಂಡೆ. ಅವರು ಹೋದ ಮಾರನೇ ದಿನ, ತಗ್ಗಿದ್ದ ಗಾಳಿ ಬಿರುಗಾಳಿಯಾಗಿ ಎದ್ದಿತು. ಅವರು ಹೋಗಿ ಇವತ್ತಿಗೆ ಒಂಬತ್ತು ದಿನ.

ಗಂಟು ಕಟ್ಟಿಕೊಂಡು ಹೋದ ಮೇಲೆ ನೋಡುತ್ತೇನೆ, ನಿಮ್ಮ ಪುಸ್ತಕ ಗೂಡಿನಲ್ಲೇ ಇದೆ. ಹನ್ನೊಂದು ವರ್ಷದಲ್ಲಿ ಮೊದಲ ಸಲ ಬಿಟ್ಟು ಹೋಗಿದ್ದಾರೆ. ಒಯ್ದದ್ದು ನನ್ನ ಕೌದಿ ಒಂದನ್ನೇ. ಇಷ್ಟು ವರ್ಷ ನಾನು ಬೇಡಿಕೊಂಡದ್ದು ಇದನ್ನೇ ಅಲ್ಲವೇ ಟೀಚರೇ? ನಿಮ್ಮನ್ನು ಬಿಟ್ಟು ನನ್ನನ್ನು ನಂಬಲಿ ಎಂದು.

ಆರನೇ ದಿನ ಬೆಳಿಗ್ಗೆ ನಮ್ಮ ಹಿರಿಯಳು ಹೊನ್ನೂರಮ್ಮನ ಮುಂದೆ ಎಲ್ಲ ಹೇಳಿಬಿಟ್ಟೆ. "ಎಂಥಾ ಕೆಲಸ ಮಾಡಿದೆಬೇ ನನ್ನವ್ವಾ!" ಎಂದು ಎದೆಗೆ ಕೈ ಬಡಿದುಕೊಂಡಳು. ಸೂಜಿ ಇಸಿದುಕೊಂಡಳು. ಗಾಳಿ ಸ್ವಲ್ಪ ಇಳಿದಾಗ ಆರು ಜನ ನೀರು ಹೊತ್ತು ಪಡುವಲಕ್ಕೆ ಹೋದರು, ಎರಡು ಸಲ ಹೋಗಿ ಎರಡು ಸಲವೂ ಬರಿಗೈಯಲ್ಲಿ ಬಂದರು. ನನ್ನನ್ನು ಕರೆದೊಯ್ಯಲಿಲ್ಲ. ಯಾಕೆ ಕರೆದೊಯ್ಯುತ್ತಾರೆ, ನಾನು ತೋರಿಸಿದ ದಾರಿಯನ್ನು ಇನ್ನು ಯಾರು ನಂಬುತ್ತಾರೆ.

ಆದ್ದರಿಂದ ನನ್ನ ಜನ್ಮದ ಒಂದೇ ಕಾಗದ ನಿಮಗೆ. ಹೊಟ್ಟೆಕಿಚ್ಚಿನಲ್ಲಿ ನಾನೇನೂ ನಿಮಗಿಂತ ಬೇರೆಯವಳಲ್ಲ. ನೀವೂ ಇದು ನನ್ನದು ಎಂದಿರಿ, ನಾನೂ ಅದನ್ನೇ ಮಾಡಿದೆ. ನೀವು ಹೇಳದೆ ಮುಚ್ಚಿಟ್ಟಿರಿ, ನಾನು ಸುಳ್ಳು ಹೊಲಿದು ಮುಚ್ಚಿಟ್ಟೆ. ನನ್ನ ಸೂಜಿ ಹೋಯಿತು, ನಿಮ್ಮ ಪೆನ್ನು ಇನ್ನೂ ನಿಮ್ಮ ಕೈಯಲ್ಲಿದೆ. ಹದಿನಾಲ್ಕನೇ ಹಾಳೆಯ ಆ ಸಾಲು ಹೊಡೆದು ಹಾಕಿ. ಅಲ್ಲಿ ಹೀಗೆ ಬರೆಯಿರಿ: "ಜೋಡುಬಂಡೆಗೆ ಬೆನ್ನು ಕೊಟ್ಟು ಮೂಡಣಕ್ಕೆ ನಲವತ್ತು ಹೆಜ್ಜೆ ನಡೆಯಿರಿ. ಈಚಲ ಪೊದೆಯ ಬುಡದಲ್ಲಿ ಮೊಳದಾಳ ತೋಡಿದರೆ ಸಿಹಿನೀರು. ಎಲ್ಲರದು." ಇಷ್ಟು ಅಚ್ಚಾದರೆ ಇವರು ಹನ್ನೊಂದು ವರ್ಷ ಹುಡುಕುವುದಿಲ್ಲ, ಪಡುವಲದ ಕಡೆ ಮುಖವೂ ಹಾಕುವುದಿಲ್ಲ. ಮೊದಲನೇ ವರ್ಷವೇ ನೇರ ಅಲ್ಲಿಗೆ ಹೋಗಿ, ನೀರು ಕುಡಿದು, ಚೀಲ ತುಂಬಿಕೊಂಡು ಮನೆಗೆ ಬರುತ್ತಾರೆ.

ನಿಮ್ಮ ಪುಸ್ತಕದ ಹದಿನಾಲ್ಕನೇ ಹಾಳೆ ತೆರೆದು ಮುಂದಿಟ್ಟುಕೊಂಡು ಬಾಗಿಲಲ್ಲಿ ಕೂತಿದ್ದೇನೆ. ಇನ್ನೂ ಅದೇ ಹಳೆಯ ಸಾಲು ಇದೆ. ಬೇಗ ಬರೆಯಿರಿ ಟೀಚರೇ, ನಿಮ್ಮ ಕಾಲಿಗೆ ಬೀಳುತ್ತೇನೆ. ಇವರು ಬರಲಿ, ಬಂದು ಕೌದಿಯ ನೆರಳಲ್ಲಿ ಕಾಲು ಚಾಚಿ ದಿನಕ್ಕೆ ನೂರು ಸಲ ಸುಂಕಮ್ಮ ಟೀಚರ್, ಸುಂಕಮ್ಮ ಟೀಚರ್ ಎಂದು ನಿಮ್ಮನ್ನು ಹೊಗಳಲಿ. ಪಕ್ಕದಲ್ಲಿ ಕೂತು ಗಾಳಿ ಬೀಸುತ್ತ ಕೇಳುತ್ತೇನೆ.

ನಿಮ್ಮ
ಹುಲಿಗೆಮ್ಮ