ನೀಲಿ ಗಿಡದ ಬುಡಕ್ಕೆ ಬೂದಿ

ಅಕ್ಟೋಬರ್ 9, ಬೆಳಿಗ್ಗೆ 6

ಬೇಕರಿಯ ಸೌದೆ ಒಲೆಯಿಂದ ಒಂದು ಡಬ್ಬ ಬೂದಿ ತಂದೆ. ಜರಡಿ ಹಿಡಿದೆ — ನಾಲ್ಕು ಮೊಳೆ ಸಿಕ್ಕವು. ಮೂಲಂಗಿ ಪಾತಿಗೆ ಎರಚಿದೆ. ಹೋದ ಸಲ ತೋಳಿನಷ್ಟು ದಪ್ಪ ಬಂದಿದ್ದವು.

ಅಮ್ಮ ಎದ್ದವಳೇ, "ಇದು ಯಾರ ಮನೆ?" ಕಿಟಕಿಯ ಹತ್ತಿರ ಕರೆದೊಯ್ದೆ. ಅವಳೇ ನೆಟ್ಟ ಹೈಡ್ರೇಂಜಿಯ ಗಿಡ. ನೀಲಿ ಹೂ ಕಂಡಳು. "ಓ, ನಮ್ಮನೆ," ಅಂದು ಕಾಫಿ ಕೇಳಿದಳು. ಈ ಸಲ ಐದೇ ಗೊಂಚಲು.

ತಮ್ಮನ ಫೋನ್. "ಮನೆ ಗುರುತೂ ಹೋದ್ರೆ ವೃದ್ಧರ ಹೋಮ್‌ಗೆ ಸೇರಿಸೋಣ ಅಕ್ಕಾ." ಗಿಡ ಇರುವ ತನಕ ಗುರುತು ಹೋಗುವುದಿಲ್ಲ.

ಅಕ್ಟೋಬರ್ 12

ಹೂ ಹೆಚ್ಚಲಿ ಎಂದು ನೀಲಿ ಗಿಡಕ್ಕೂ ಬೂದಿ. ತಮ್ಮನ ಹೆಂಡತಿ ಬಂದಿದ್ದಳು. "ಅತ್ತಿಗೆ, ಅದಕ್ಕೆ ಬೇಡ. ಬೂದಿ ಬಿದ್ರೆ ಮಣ್ಣಿನ ಹುಳಿ ಹೋಗುತ್ತೆ, ನೀಲಿ ನಿಲ್ಲಲ್ಲ."

ವರ್ಷಕ್ಕೆರಡು ಸಲ ಮುಖ ತೋರಿಸುವವಳು ನನಗೆ ತೋಟ ಕಲಿಸುತ್ತಾಳೆ. ಅಮ್ಮನ ಬಟ್ಟೆ ಒಗೆಯುವವಳು ನಾನು. "ಮೂಲಂಗಿ ತಗೊಂಡು ಹೋಗು," ಅಂದೆ. ಅವಳು ಅತ್ತ ಹೋದ ಮೇಲೆ ಇನ್ನೂ ಎರಡು ಬೊಗಸೆ ಸುರಿದೆ. ಹೊಟ್ಟೆ ತಣ್ಣಗಾಯಿತು.

ಜನವರಿ 20

ಹೂವಿಲ್ಲ. ಅಮ್ಮ ಬಾಗಿಲಲ್ಲೇ ನಿಲ್ಲುತ್ತಾಳೆ, ಯಾರದೋ ಮನೆ ಎಂಬಂತೆ. ಬೂದಿ ಹಾಕುತ್ತಲೇ ಇದ್ದೇನೆ. ಬೇಗ ಬಿಡಲಿ...

ಮೇ 17

ಮೂವತ್ತು ಗೊಂಚಲು. ಎಲ್ಲ ಗುಲಾಬಿ ಬಣ್ಣ. ಒಂದೂ ನೀಲಿಯಿಲ್ಲ.

ಅಮ್ಮ ಬಹಳ ಹೊತ್ತು ನೋಡಿದಳು. "ಚೆನ್ನಾಗಿದೆ. ಯಾರದು?"

ಮೇ 18

ಬುಡಕ್ಕೆ ವಿನೆಗರ್ ಸುರಿದೆ. ನರ್ಸರಿಯವನು ನಕ್ಕ. "ಈ ವರ್ಷದ ಹೂ ಇನ್ನು ನೀಲಿಗೆ ತಿರುಗಲ್ಲಮ್ಮ. ಮಣ್ಣು ಸರಿಹೋಗೋಕೆ ಒಂದೆರಡು ವರ್ಷ ಬೇಕು." ಅಮ್ಮನಿಗೆ ಅಷ್ಟು ದಿನ ಎಲ್ಲಿದೆ.

ತಮ್ಮನ ಹೆಂಡತಿ ಹೇಳಿದ್ದೇ ಸರಿ ಎಂದು ಬರೆಯಲು ಕೈ ಬರುತ್ತಿಲ್ಲ. ಸರಿ. ಬರೆದೆ. ನನ್ನ ಹಟಕ್ಕಿಷ್ಟು ಬೆಂಕಿ ಬೀಳಲಿ.

ಮೇ 26

ಅಮ್ಮ ಎರಡು ಸಲ ರಸ್ತೆಗೆ ಹೋದಳು, ಮನೆ ಹುಡುಕಿಕೊಂಡು. ತಮ್ಮನಿಗೆ ನಾನೇ ಫೋನ್ ಮಾಡಿದೆ. ಹೋಮ್‌ಗೆ ಕರೆದೊಯ್ಯಲು ಭಾನುವಾರ ಕಾರು ತರುತ್ತಾರೆ. ಫೋನಿನಲ್ಲಿ ಅವನ ಹೆಂಡತಿ ಬೂದಿಯ ಮಾತೇ ಎತ್ತಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ಭಾನುವಾರ, ಬೆಳಿಗ್ಗೆ 7

ಅಮ್ಮ ಚಪ್ಪಲಿ ಹಾಕಿಕೊಂಡು ಕೂತಿದ್ದಾಳೆ, ಮಡಿಲಲ್ಲಿ ಕೈಚೀಲ. ಕಾಫಿ ಕೊಟ್ಟೆ. ನೆಂಟರ ಹಾಗೆ ಸಂಕೋಚದಿಂದ ಕುಡಿದಳು.

"ನಿಮಗೆ ತುಂಬ ತೊಂದರೆ ಕೊಟ್ಟೆ. ಹೊರಡ್ತೀನಿ. ಮನೇಲಿ ಮಗಳು ಒಬ್ಬಳೇ ಇದ್ದಾಳೆ."

"ಎಂಥವಳು ನಿಮ್ಮ ಮಗಳು?" ಕೇಳಿಬಿಟ್ಟೆ.

"ಹೇಳಿದ ಮಾತು ಕೇಳೋಳಲ್ಲ. ಆದ್ರೆ ನಾನು ಬರೋ ತನಕ ಊಟಕ್ಕೆ ಕೂರಲ್ಲ, ಪಾಪ."

ಹೊರಗೆ ಕಾರು ನಿಂತ ಸದ್ದು. ಅಮ್ಮ ಎದ್ದು ನನಗೆ ಕೈ ಮುಗಿದಳು. ನಾನೂ ಕೈ ಮುಗಿದೆ, ಅವಳ ಕೈಚೀಲ ಎತ್ತಿಕೊಂಡು ಬಾಗಿಲು ತೆರೆದೆ.