ಮರಳುಗುಂಡಿಯ ಕಣಜದ ಹುಳು

ಭಾನುವಾರ, ಮಧ್ಯಾಹ್ನ

ಪ್ರೀತಿಯ ಗಯ್ಯಾಳಿಗೆ, ನಿನ್ನ ಮೊಂಡ ಮಾಡುವ ನಮಸ್ಕಾರ.

ನಗಬೇಡ. ಮದುವೆಯಾಗಿ ಇಪ್ಪತ್ತಾರು ವರ್ಷವಾದ ಮೇಲೆ ನಿನಗೆ ಬರೆಯುತ್ತಿರುವ ಮೊದಲ ಪತ್ರ ಇದು. ಫೋನ್ ಮಾಡಿದಾಗಲೆಲ್ಲ ನಿನ್ನ ಅಕ್ಕನೇ ಎತ್ತಿ ‘ಅವಳು ಮಲಗಿದಾಳೆ’ ಅನ್ನುತ್ತಾರೆ. ಬೆಳಗ್ಗೆ ಹನ್ನೊಂದಕ್ಕೆ ನೀನು ಮಲಗಿದ್ದನ್ನು ನಾನಂತೂ ಕಂಡವನಲ್ಲ. ಇದನ್ನು ನಿನಗೆ ಓದಿ ಹೇಳಬೇಕಾದವರೂ ಅವರೇ. ಅಕ್ಕಾ, ಮೂಗು ಮುರಿಯದೆ ಪೂರ್ತಿ ಓದಿ. ನಿಮ್ಮ ಮೇಲೆ ನನಗೆ ಅಂಥಾ ಕೋಪವೇನೂ ಇಲ್ಲ.

ಕೈಯ ಪ್ಲಾಸ್ಟರ್ ಬಿಚ್ಚಿದರಾ? ಬೆರಳು ಮಡಚಲು ಬರುತ್ತದೆಯಾ?

ಶಾಲೆಗೆ ರಜ. ಅಷ್ಟು ದೊಡ್ಡ ಮೈದಾನಕ್ಕೆ ನಾನು, ನನ್ನ ಪೊರಕೆ ಇಬ್ಬರೇ. ಮಾತಾಡಲು ಯಾರೂ ಇಲ್ಲದೆ ಉದ್ದಜಿಗಿತದ ಮರಳುಗುಂಡಿಯ ಪಕ್ಕ ಕೂತು ಒಂದು ಕಣಜದ ಹುಳುವಿನ ಸಂಸಾರ ನೋಡುತ್ತಿದ್ದೆ. ಗುಂಪಾಗಿ ಗೂಡು ಕಟ್ಟುವ ಜಾತಿಯಲ್ಲ, ಇದು ಒಂಟಿ. ಸೊಂಟ ದಾರದಷ್ಟು ಸಣ್ಣ. ಮುಂಗಾಲಲ್ಲಿ ಮರಳು ಕೆರೆದು ಬಿಲ ತೋಡುತ್ತದೆ, ಬಿಲದ ಬಾಯಿ ಮುಚ್ಚುತ್ತದೆ, ಮೇಲೆದ್ದು ಅದರ ಸುತ್ತ ನಾಲ್ಕಾರು ಸಲ ಹಾರಿ ಬೇಟೆಗೆ ಹೊರಡುತ್ತದೆ. ತನಗಿಂತ ದೊಡ್ಡ ಮಿಡತೆಯನ್ನು ಎಳೆದು ತರುತ್ತದೆ. ಮಿಡತೆ ಸತ್ತಿರುವುದಿಲ್ಲ, ಮೀಸೆ ಅಲ್ಲಾಡುತ್ತಿರುತ್ತದೆ. ಉತ್ತರಪತ್ರಿಕೆ ತಿದ್ದಲು ಬಂದಿದ್ದ ವಿಜ್ಞಾನದ ಮೇಡಂ ‘ಕುಟುಕಿ ಕೈಕಾಲು ಆಡದ ಹಾಗೆ ಮಾಡುತ್ತೆ ಅಷ್ಟೇ, ಮರಿಗೆ ತಾಜಾ ಊಟ ಬೇಕಲ್ಲ’ ಅಂದರು. ತೋಡುವುದು, ಬೇಟೆ, ಎಲ್ಲ ಹೆಣ್ಣೇ ಮಾಡುತ್ತದಂತೆ. ಗಂಡಿಗೆ ಏನೂ ಕೆಲಸವಿಲ್ಲ. ಈ ಮಾತು ಅಕ್ಕನಿಗೆ ಹಿಡಿಸಬಹುದು.

ಮೊನ್ನೆ ಬುಧವಾರ ಕೈ ಸುಮ್ಮನಿರಲಿಲ್ಲ. ಗುಂಡಿಯ ಅಂಚಿನ ಕಲ್ಲುಚೂರು, ಒಣಎಲೆ, ಒಂದು ಬಾಟಲಿ ಮುಚ್ಚಳ, ಎಲ್ಲ ಗುಡಿಸಿದೆ. ಬಿಲವನ್ನು ಮುಟ್ಟಲಿಲ್ಲ. ಸ್ವಲ್ಪ ಹೊತ್ತಿಗೆ ಅದು ಮಿಡತೆಯೊಂದಿಗೆ ಬಂತು. ತನ್ನ ಬಿಲದ ಮೇಲೇ ನಡೆದು ಮುಂದೆ ಹೋಯಿತು. ತಿರುಗಿ ಬಂತು. ಮಿಡತೆಯನ್ನು ಕೆಳಗಿಟ್ಟು ಇಲ್ಲಿ ಕೆರೆಯಿತು, ಅಲ್ಲಿ ಕೆರೆಯಿತು. ಅಷ್ಟರಲ್ಲಿ ಮಿಡತೆಗೆ ಇರುವೆ ಮುತ್ತಿದವು. ಮೇಡಂ ನೋಡಿ, ‘ಅದು ಗುರುತು ಇಟ್ಕೊಂಡಿರೋದು ಬಿಲದ್ದಲ್ಲ ಕಣ್ರೀ, ಸುತ್ತ ಇರೋ ಸಾಮಾನಿಂದು. ಒಳ್ಳೇದು ಮಾಡಕ್ಕೆ ಹೋಗಿ ಅದರ ಮನೆ ಹಾಳು ಮಾಡಿದ್ರಿ’ ಅಂದರು. ಪೊರಕೆ ಹಿಡಿದುಕೊಂಡೇ ಅಲ್ಲಿ ಕೂತುಬಿಟ್ಟೆ.

ಕಣ್ಣು ಪೂರ್ತಿ ಹೋದ ಮೇಲೆ ಆರು ತಿಂಗಳು ಕೂತು ನೀನು ಈ ಎರಡು ಕೋಣೆಯನ್ನು ಬಾಯಿಪಾಠ ಮಾಡಿದ್ದೆ. ಮಂಚದಿಂದ ಬಾಗಿಲಿಗೆ ಎಂಟು ಹೆಜ್ಜೆ, ಬಾಗಿಲಿಂದ ಒಲೆಗೆ ಐದು, ಎಡಗೈಗೆ ಸ್ಟೂಲು. ಗಾಳಿ ಬರಲಿ ಅಂತ ಆ ಸ್ಟೂಲನ್ನು ನಾನು ಸರಿಸಿದೆ, ಹೇಳಲು ಮರೆತೆ, ನೀನು ಎಡವಿ ಬಿದ್ದೆ. ಆಸ್ಪತ್ರೆಯಿಂದ ನೇರವಾಗಿ ಅಕ್ಕನ ಮನೆಗೆ ಹೊರಟಾಗ ‘ನನ್ನ ಮನೇಲೇ ನಂಗೆ ದಾರಿ ಸಿಗ್ತಿಲ್ಲ’ ಅಂದೆ. ಅದು ಬರೀ ಸಿಟ್ಟಿನ ಮಾತು ಅಂದುಕೊಂಡಿದ್ದೆ.

ಈಗ ಎಲ್ಲವನ್ನೂ ಮೊದಲಿನ ಜಾಗದಲ್ಲೇ ಇಟ್ಟಿದ್ದೇನೆ. ನೆಲದ ಮೇಲೆ ಸಾಮಾನುಗಳ ಕಾಲಿನ ಕಲೆಗಳಿದ್ದವು, ಸರಿಯಾಗಿ ಅವುಗಳ ಮೇಲೆ. ನಿನ್ನೆ ಕಣ್ಣಿಗೆ ಬಟ್ಟೆ ಕಟ್ಟಿಕೊಂಡು ನಡೆದೆ. ಆರನೇ ಹೆಜ್ಜೆಗೇ ಮೂಗು ಬಾಗಿಲಿಗೆ ಬಡಿಯಿತು. ಕುಣಿಯಲಾರದವನು ನೆಲ ಡೊಂಕು ಅಂದ ಹಾಗೆ ಬಾಗಿಲನ್ನು ಬೈದೆ. ಆಮೇಲೆ ಹೊಳೆಯಿತು, ಆ ಲೆಕ್ಕ ನಿನ್ನ ಕಾಲಿನದು.

ಒಬ್ಬನೇ ಉಣ್ಣುವಾಗ ತಟ್ಟೆಯ ಸದ್ದು ಜಾಸ್ತಿ ಕೇಳುತ್ತದೆ. ಪಕ್ಕದ ಮನೆಯವರ ಕೆಮ್ಮೂ ಈಗ ಗುರುತು ಹತ್ತಿದೆ. ನನ್ನ ಕೈಯಲ್ಲಿ ಒಬ್ಬನೇ ಇರುವುದಕ್ಕೆ ಆಗುತ್ತಿಲ್ಲ. ಅಕ್ಕ ಬಸ್ಸು ಹತ್ತಿಸಿದರೆ ಸಾಕು. ಬರುವ ಬುಧವಾರ ಮಧ್ಯಾಹ್ನದ ಬಸ್ಸಿಗೆ ನಿಲ್ದಾಣದಲ್ಲಿರುತ್ತೇನೆ. ನೀನು ಇಳಿಯದಿದ್ದರೆ ಅದರ ಮುಂದಿನ ಬುಧವಾರವೂ ಬರುತ್ತೇನೆ.

ಇಂತಿ ನಿನ್ನ,
ಮೊಂಡ

ತಾ.ಕ.: ಲಕೋಟೆ ಅಂಟಿಸಿದವನು ಮತ್ತೆ ಬಿಚ್ಚಿದೆ. ಅಕ್ಕಾ, ಇದನ್ನೂ ಜೋರಾಗಿ ಓದಿ, ಒಂದು ಸಾಲೂ ಬಿಡಬೇಡಿ. ಗಾಳಿಗೆ ಸ್ಟೂಲು ಸರಿಸಿದೆ ಅಂದಿದ್ದು ಸುಳ್ಳು. ಮನೆ ಬಾಯಿಪಾಠವಾದ ಮೇಲೆ ನೀನು ನನ್ನನ್ನು ಕರೆಯುವುದನ್ನೇ ಬಿಟ್ಟಿದ್ದೆ. ಟೀ ನೀನೇ ಮಾಡುತ್ತಿದ್ದೆ, ಮೂಲೆಯಂಗಡಿಗೂ ನೀನೇ ಹೋಗುತ್ತಿದ್ದೆ. ಒಂದು ದಿನ ನಾನು ಗುಡಿಸುವಾಗ ಸ್ಟೂಲು ತಾನಾಗಿ ಸರಿದಿತ್ತು. ನೀನು ತಡಕಾಡಿ ‘ರೀ, ಸ್ವಲ್ಪ ಬನ್ನಿ ಇಲ್ಲಿ’ ಅಂದೆ. ಓಡಿ ಬಂದು ಕೈ ಹಿಡಿದೆ. ಅದರ ಮುಂದಿನ ಎರಡು ಸಲ ಬೇಕೆಂದೇ ಸರಿಸಿದ್ದು ನಾನು. ಎರಡನೇ ಸಲ, ನೀನು ಬಿದ್ದ ದಿನ, ನಾನು ಬಾಗಿಲ ಹಿಂದೆಯೇ ನಿಂತಿದ್ದೆ, ಕರೆಯುತ್ತೀಯ ಅಂತ ಕಾಯುತ್ತಾ.